ಲೀನಾ ಕವಲಿಯೇರಿ: ಮುಖ ಉಳಿಯಿತು, ದನಿ?

ಒಪೆರಾದಲ್ಲಿ ಕಂಠವೇ ಬಂಡವಾಳ. ಮೈಕಿನ ನೆರವಿಲ್ಲದೆ, ಎದುರಿನ ವಾದ್ಯವೃಂದವನ್ನು ದಾಟಿ, ಕೊನೆಯ ಸಾಲಿನಲ್ಲಿ ಕೂತವನ ಕಿವಿಗೆ ಹಾಡು ಮುಟ್ಟಬೇಕು. ಇಂಥ ಕಲೆಯಲ್ಲಿ ಹದಿನಾಲ್ಕು ವರ್ಷ ದುಡಿದ ಗಾಯಕಿ 1914ರಲ್ಲಿ ಮೂಕಿ ಚಿತ್ರಕ್ಕೆ ಬಂದಳೆಂದರೆ ಅದು ವಿಚಿತ್ರ ವ್ಯಾಪಾರವೇ ಸರಿ. ಇಟಲಿಯ ಲೀನಾ ಕವಲಿಯೇರಿಯ ಬಗ್ಗೆ ಬರೆದವರು ಆಕೆಯ ಚೆಲುವು, ಮದುವೆಗಳು, ಒಡವೆಗಳ ಬಗ್ಗೆ ಪುಟಗಟ್ಟಲೆ ಬರೆದಿದ್ದಾರೆ. ಈ ವ್ಯಾಪಾರದಲ್ಲಿ ಆಕೆ ಕೊಟ್ಟದ್ದೇನು ಎಂದು ಕೇಳಿದವರು ಕಡಿಮೆ.

1874ರಲ್ಲಿ ಬಡ ಮನೆಯಲ್ಲಿ ಹುಟ್ಟಿದ ಹುಡುಗಿ. ರೋಮಿನ ಕಾಫಿ ಮಂದಿರಗಳಲ್ಲಿ ಹಾಡುತ್ತ ಹಾಡುತ್ತ ಪ್ಯಾರಿಸ್ಸಿನ ಫೋಲಿ ಬೆರ್ಜೇರ್ ತಲುಪಿದಳು. ಹಣ, ಹೆಸರು ಎರಡೂ ಬಂದವು. ಅಲ್ಲೇ ನಿಂತಿದ್ದರೆ ಯಾರೂ ಆಕ್ಷೇಪಿಸುತ್ತಿರಲಿಲ್ಲ. ಆಕೆ ನಿಲ್ಲಲಿಲ್ಲ. ಹಿರಿಯ ಗಾಯಕಿ ಮದ್ದಲೇನಾ ಮರಿಯಾನಿ ಮಾಸಿಯ ಬಳಿ ಶಿಷ್ಯೆಯಾಗಿ ಕೂತು ಕಲಿತು, 1900ರಲ್ಲಿ ಲಿಸ್ಬನ್ನಿನಲ್ಲಿ 'ಪಲ್ಯಾಚ್ಚಿ' ಒಪೆರಾದ ನೆದ್ದಾ ಪಾತ್ರದಿಂದ ಹೊಸದಾಗಿ ಶುರು ಮಾಡಿದಳು. ಚೆಲುವು ಹುಟ್ಟಿನಿಂದ ಬಂದದ್ದು. ಒಪೆರಾದ ಕಂಠ ಆಕೆಯ ಸ್ವಂತ ಸಂಪಾದನೆ. ಆಕೆಯ ವಿಮರ್ಶಕರು ಮರೆತದ್ದು ಇದನ್ನೇ.

1906ರ ಡಿಸೆಂಬರ್ 5ರಂದು ನ್ಯೂಯಾರ್ಕಿನ ಮೆಟ್ರೋಪಾಲಿಟನ್ ಒಪೆರಾದಲ್ಲಿ ಎನ್ರಿಕೋ ಕರೂಸೋ ಜೊತೆ 'ಫೆದೋರಾ' ಹಾಡಿದಳು. ವೇದಿಕೆಯ ಮೇಲೆ ಆತನಿಗೆ ನಿಜವಾಗಿಯೇ ಮುತ್ತಿಟ್ಟಳು. ಪತ್ರಿಕೆಗಳಿಗೆ ಅಷ್ಟೇ ಸಾಕಾಯಿತು. ಮುಂದಿನ ತಿಂಗಳು ಅದೇ ವೇದಿಕೆಯಲ್ಲಿ, ಪುಚ್ಚೀನಿಯ ಸಮ್ಮುಖದಲ್ಲಿ, 'ಮನೋನ್ ಲೆಸ್ಕೋ'ದ ನಾಯಕಿಯಾಗಿ ಹಾಡಿದ್ದು ಆ ಮುತ್ತಿನ ಸುದ್ದಿಯ ಕೆಳಗೆ ಹೂತುಹೋಯಿತು. ಉರ್ದು ಗಜಲಿನಲ್ಲಿ 'ಹುಸ್ನ್' ಬಂದಲ್ಲೆಲ್ಲ ಬೇವಫಾಯಿಯ ದೂರು ಹಿಂದೆಯೇ ಬರುತ್ತದೆ. ನ್ಯೂಯಾರ್ಕಿನ ಪತ್ರಕರ್ತರೂ ಅದೇ ಜಾಡಿನವರು, ಕಾವ್ಯ ಮಾತ್ರ ಇರಲಿಲ್ಲ.

ಸಿನಿಮಾ ಈ ಅನ್ಯಾಯವನ್ನು ಪೂರ್ಣಗೊಳಿಸಿತು. ಮೊದಲ ಚಿತ್ರವೇ 'ಮನೋನ್ ಲೆಸ್ಕೋ', ಜೊತೆಗೆ ಗಂಡ, ಫ್ರೆಂಚ್ ಗಾಯಕ ಲೂಸಿಯನ್ ಮ್ಯುರಾತೋರ್. ಇಬ್ಬರು ಗಾಯಕರು, ಒಂದು ಸ್ವರವೂ ಇಲ್ಲ! ಆಮೇಲೆ ಇಟಲಿಯಲ್ಲಿ ಎರಡು, ಅಮೆರಿಕದಲ್ಲಿ ಮತ್ತೆ ನಾಲ್ಕು ಚಿತ್ರಗಳು. 1917ರ 'ದಿ ಎಟರ್ನಲ್ ಟೆಂಪ್ಟ್ರೆಸ್' ಹೆಸರಿನಲ್ಲೇ ಆಕೆಯನ್ನು ಚಿರಂತನ ಮೋಹಿನಿ ಮಾಡಿಬಿಟ್ಟಿತು. 1918ರ 'ಎ ವುಮನ್ ಆಫ್ ಇಂಪಲ್ಸ್'ನಲ್ಲಿ ಆಕೆಯದು ಒಪೆರಾ ಗಾಯಕಿಯ ಪಾತ್ರ. ಪರದೆಯ ಮೇಲೆ ಬಾಯಿ ತೆರೆಯುತ್ತದೆ, ಹಾಡು ಬರುವುದಿಲ್ಲ. ಇದಕ್ಕಿಂತ ಕ್ರೂರವಾದ ಪಾತ್ರ ಹಂಚಿಕೆ ನನಗೆ ತೋಚದು.

ಆ ದಿನಗಳಲ್ಲಿ ನಿರ್ಮಾಪಕರಿಗೆ ಒಪೆರಾದ ಹೆಸರು ಬೇಕಿತ್ತು, ಸಿನಿಮಾಕ್ಕೆ ಮರ್ಯಾದೆ ತರಲು. ಕರೂಸೋನನ್ನೂ ಕರೆತಂದರು. 1918ರ ಆತನ 'ಮೈ ಕಸಿನ್' ಸೋತಿತು. ದನಿಯಿಲ್ಲದ ಕರೂಸೋ ಯಾರಿಗೆ ಬೇಕು? ಜೆರಾಲ್ಡಿನ್ ಫರಾರ್ ಮಾತ್ರ 1915ರ 'ಕಾರ್ಮೆನ್'ನಿಂದ ನಿಜಕ್ಕೂ ಗೆದ್ದಳು. ಕವಲಿಯೇರಿಯ ಚಿತ್ರಗಳಂತೂ ಬಹುಪಾಲು ಕಳೆದೇಹೋಗಿವೆ.

1955ರಲ್ಲಿ ಜೀನಾ ಲೊಲ್ಲೊಬ್ರಿಜಿದಾ ಆಕೆಯ ಪಾತ್ರ ಮಾಡಿದ ಚಿತ್ರ ಬಂತು. ಹೆಸರಿನ ಅರ್ಥ 'ಜಗತ್ತಿನ ಅತಿ ಸುಂದರ ಹೆಣ್ಣು'. ಹಾಡುಗಳನ್ನು ಜೀನಾ ತಾನೇ ಹಾಡಿದ್ದಾಳೆ. ಅದನ್ನು ಮೆಚ್ಚಬೇಕು. ಕತೆ ಮಾತ್ರ ಮತ್ತದೇ ಮುಖದ ಕತೆ. ಮಿಲಾನಿನ ಕಲಾವಿದ ಪಿಯೇರೋ ಫೋರ್ನಾಸೆತ್ತಿ ಅದೇ ಮುಖವನ್ನು ತಟ್ಟೆಗಳ ಮೇಲೆ ಮುನ್ನೂರಕ್ಕೂ ಹೆಚ್ಚು ಬಗೆಯಲ್ಲಿ ಅಚ್ಚುಹಾಕಿದ. 1944ರ ಫೆಬ್ರವರಿಯಲ್ಲಿ ಫ್ಲಾರೆನ್ಸಿನ ಹೊರವಲಯದ ಮನೆಯ ಮೇಲೆ ಮಿತ್ರಪಕ್ಷಗಳ ಬಾಂಬು ಬಿದ್ದು ಆಕೆ ಸತ್ತಳು. ಒಡವೆ ಎತ್ತಿಕೊಳ್ಳಲು ಹೋಗಿ ತಡವಾಯಿತು ಎಂಬ ಕತೆ ಪ್ರಚಾರದಲ್ಲಿದೆ. ಬಾಂಬು ಹಾಕಿದವರ ಕೈಯಿಂದ ಸಾವನ್ನು ಕಿತ್ತು ಆಕೆಯ ಕೊರಳಿಗೇ ತೊಡಿಸುವ ಕತೆ ಅದು.

1910ರಲ್ಲಿ ಆಕೆ ಕೊಲಂಬಿಯಾ ಕಂಪೆನಿಗಾಗಿ ಹಾಡಿದ ರೆಕಾರ್ಡುಗಳು ಉಳಿದಿವೆ. ದನಿ ತೆಳುವು. ದೊಡ್ಡ ಗಾಯಕಿಯರ ಸಾಲಿನದಲ್ಲ, ಒಪ್ಪಿಕೊಳ್ಳೋಣ. ಆದರೆ ಮಾತಿನ ಅರ್ಥ ಬಲ್ಲ ದನಿ. ಕೇಳುವಾಗ ಆಕೆಯ ಫೋಟೋ ಎದುರಿಗಿಲ್ಲದಿದ್ದರೆ ಒಳ್ಳೆಯದು.