ದನಿ ಯಾರದು, ಹೆಸರು ಯಾರದು?

ಬೋನಿ ಎಂ ಎಂಬ ಹೆಸರು ಗೊತ್ತಿಲ್ಲದವರೂ ಆ ತಂಡದ ಒಂದಾದರೂ ಹಾಡು ಕೇಳಿರುತ್ತಾರೆ. ಕ್ಯಾಸೆಟ್ಟುಗಳ ಕಾಲದಲ್ಲಿ ನಮ್ಮಲ್ಲಿ ಅನೇಕರ ಕಿವಿಗೆ ಬಿದ್ದ ಮೊದಲ ಇಂಗ್ಲಿಷ್ ಹಾಡುಗಳೆಂದರೆ 'ಡ್ಯಾಡಿ ಕೂಲ್', 'ರಾಸ್ಪುಟಿನ್', 'ರಿವರ್ಸ್ ಆಫ್ ಬ್ಯಾಬಿಲಾನ್'. ಮಾತು ಅರ್ಥವಾಗದಿದ್ದರೂ ತಾಳ ಅರ್ಥವಾಗುತ್ತಿತ್ತು. 2012ರಲ್ಲಿ 'ಏಜೆಂಟ್ ವಿನೋದ್' ಎಂಬ ಹಿಂದಿ ಚಿತ್ರ 'ರಾಸ್ಪುಟಿನ್' ಹಾಡನ್ನು ಮತ್ತೆ ಬಳಸಿತು. 2021ರಲ್ಲಿ ಅದೇ ಹಾಡಿನ ರೀಮಿಕ್ಸ್ ಹೊಸ ತಲೆಮಾರಿನ ಹುಡುಗರನ್ನೂ ಕುಣಿಸಿತು. ಇಷ್ಟು ಕಾಲ ಬಾಳಿದ ಹಾಡುಗಳ ಬಗ್ಗೆ ಒಂದು ಸರಳ ಪ್ರಶ್ನೆ ಕೇಳೋಣ. ಇವುಗಳನ್ನು ಹಾಡಿದವರು ಯಾರು? ಪ್ರಶ್ನೆ ಸರಳವಾದರೂ ಉತ್ತರ ಅಷ್ಟು ಸರಳವಲ್ಲ.

1974ರ ಕೊನೆಯಲ್ಲಿ ಜರ್ಮನಿಯ ನಿರ್ಮಾಪಕ ಫ್ರಾಂಕ್ ಫರಿಯನ್ 'ಬೇಬಿ ಡು ಯು ವಾನ್ನ ಬಂಪ್' ಎಂಬ ಹಾಡನ್ನು ಸ್ಟುಡಿಯೋದಲ್ಲಿ ಮುದ್ರಿಸಿದರು. ಅದರ ಗಡಸು ದನಿಯೂ ಅವರದೇ, ಹೆಣ್ಣಿನ ದನಿಯಂತೆ ಕೇಳಿಸುವ ಕೀರಲು ದನಿಯೂ ಅವರದೇ. ಆದರೆ ತಟ್ಟೆಯ ಮೇಲೆ ಗಾಯಕನಾಗಿ ತಮ್ಮ ಹೆಸರು ಹಾಕಲಿಲ್ಲ. ಆಗ ಟಿವಿಯಲ್ಲಿ ಬರುತ್ತಿದ್ದ 'ಬೋನಿ' ಎಂಬ ಆಸ್ಟ್ರೇಲಿಯಾದ ಪತ್ತೇದಾರಿ ಧಾರಾವಾಹಿಯ ಹೆಸರಿಗೆ 'ಎಂ' ಸೇರಿಸಿ, ಇಲ್ಲದ ಒಂದು ತಂಡಕ್ಕೆ ಹೆಸರಿಟ್ಟರು. ಆ ಧಾರಾವಾಹಿಯ ನಾಯಕ ಅರ್ಧ ಮೂಲನಿವಾಸಿ ರಕ್ತದವನು. ಆ ಪಾತ್ರ ವಹಿಸಿದ್ದು ಬಿಳಿಯ ನಟ. ಒಬ್ಬರ ಗುರುತನ್ನು ಇನ್ನೊಬ್ಬರು ತೊಟ್ಟುಕೊಳ್ಳುವ ಕತೆ ಹೆಸರಿನಿಂದಲೇ ಶುರುವಾಯಿತು ಎನ್ನಬೇಕು.

ಹಾಡು ಹಾಲೆಂಡ್ ಮತ್ತು ಬೆಲ್ಜಿಯಂನಲ್ಲಿ ಓಡಿತು. ಟಿವಿಯವರಿಗೆ ಹಾಡುವವರ ಮುಖ ಬೇಕಾಯಿತು. ಫರಿಯನ್ ಮುಖಗಳನ್ನು ಹುಡುಕಿ ತಂದರು. ಕೊನೆಗೆ ನೆಲೆನಿಂತ ನಾಲ್ವರೂ ಕೆರಿಬಿಯನ್ ದ್ವೀಪಗಳಿಂದ ಯುರೋಪಿಗೆ ವಲಸೆ ಬಂದವರು. ಜಮೈಕಾದ ಲಿಜ್ ಮಿಚೆಲ್ ಮತ್ತು ಮಾರ್ಸಿಯಾ ಬ್ಯಾರೆಟ್, ಮಾಂಟ್ಸೆರಾಟ್ ದ್ವೀಪದ ಮೇಜಿ ವಿಲಿಯಮ್ಸ್, ಅರುಬಾದ ಬಾಬಿ ಫ್ಯಾರೆಲ್. ಲಿಜ್ ಮತ್ತು ಮಾರ್ಸಿಯಾ ನಿಜವಾದ ಗಾಯಕಿಯರು. ಮೇಜಿ ರೂಪದರ್ಶಿಯಾಗಿದ್ದವರು. ಬಾಬಿ ಹದಿಹರೆಯದಲ್ಲೇ ಹಡಗಿನ ಕೆಲಸಕ್ಕೆ ಸೇರಿ, ಆಮೇಲೆ ನೃತ್ಯಶಾಲೆಗಳಲ್ಲಿ ಹಾಡಿನ ತಟ್ಟೆ ನುಡಿಸುತ್ತ ಬಂದವರು.

ಧ್ವನಿಮುದ್ರಣದಲ್ಲಿ ಹಾಡಿದ್ದು ಲಿಜ್, ಮಾರ್ಸಿಯಾ ಮತ್ತು ಸ್ವತಃ ಫರಿಯನ್. ಎದೆ ತೆರೆದ ಅಂಗಿ ತೊಟ್ಟು, ಮೈಯೆಲ್ಲ ಸ್ಪ್ರಿಂಗಿನಂತೆ ಕುಣಿಯುತ್ತ ಬಾಬಿ ಟಿವಿಯಲ್ಲಿ ಹಾಡುತ್ತಿದ್ದ ಆ ಆಳವಾದ ಗಂಡುದನಿ ಫರಿಯನ್ ಅವರದು. ಮೇಜಿಯ ದನಿಯೂ ತಟ್ಟೆಗಳಲ್ಲಿಲ್ಲ. ವೇದಿಕೆಯ ಕಾರ್ಯಕ್ರಮಗಳಲ್ಲಿ ನಾಲ್ವರೂ ಹಾಡುತ್ತಿದ್ದರು ನಿಜ. ಆದರೆ ಲಕ್ಷಗಟ್ಟಲೆ ಮನೆ ತಲುಪಿದ್ದು ವೇದಿಕೆಯ ಹಾಡಲ್ಲ, ತಟ್ಟೆಯ ಹಾಡು.

ಹಾಗಾದರೆ ಬೋನಿ ಎಂ ಬರೀ ಬುರುಡೆಯೇ? ಹಾಗೆ ತಳ್ಳಿಹಾಕುವುದು ಅವಸರದ ವಿಮರ್ಶೆಯಾದೀತು. ಎಡೆಬಿಡದ ಡಿಸ್ಕೋ ಪೆಟ್ಟು, ಮೇಲೆ ತಂತಿವಾದ್ಯಗಳ ಹರಿವು, ಒಂದೇ ಬಾರಿಗೆ ಬಾಯಿಪಾಠವಾಗುವ ಪಲ್ಲವಿ: ಫರಿಯನ್‌ಗೆ ಜನರ ಕಿವಿ ಗೊತ್ತಿತ್ತು. ಅದಕ್ಕಿಂತ ದೊಡ್ಡದು ಲಿಜ್ ಮಿಚೆಲ್ ದನಿ. ಅವರು ಕೂಗುವುದಿಲ್ಲ, ಚಮತ್ಕಾರ ತೋರುವುದಿಲ್ಲ. ತಾಳ ಎಷ್ಟೇ ಗದ್ದಲ ಮಾಡಿದರೂ ಆ ದನಿ ತನ್ನ ಪಾಡಿಗೆ ನಿಚ್ಚಳವಾಗಿ ನಡೆಯುತ್ತದೆ. 1977ರ 'ಬೆಲ್‌ಫಾಸ್ಟ್' ಹಾಡಿನಲ್ಲಿ ಮುಖ್ಯ ದನಿ ಮಾರ್ಸಿಯಾ ಅವರದು. ಅಲ್ಲಿ ಕೇಳುವ ಒರಟು ಬಿಸಿಯೇ ಬೇರೆ. ಈ ಇಬ್ಬರು ಹೆಣ್ಣುಮಕ್ಕಳ ದನಿ ತೆಗೆದುಬಿಟ್ಟರೆ ಉಳಿಯುವುದು ಚೆನ್ನಾಗಿ ಕೆಲಸ ಮಾಡುವ ಒಂದು ಯಂತ್ರ ಮಾತ್ರ.

1978 ಆ ತಂಡದ ವರ್ಷ. 'ರಿವರ್ಸ್ ಆಫ್ ಬ್ಯಾಬಿಲಾನ್' ಬ್ರಿಟನ್‌ನಲ್ಲಿ ಐದು ವಾರ ಮೊದಲ ಸ್ಥಾನದಲ್ಲಿತ್ತು. ಡಿಸೆಂಬರಿನಲ್ಲಿ 'ಮೇರೀಸ್ ಬಾಯ್ ಚೈಲ್ಡ್' ಮೊದಲ ಸ್ಥಾನಕ್ಕೇರಿತು. ಎರಡೂ ಆ ದೇಶವೊಂದರಲ್ಲೇ ತಲಾ ಹತ್ತು ಲಕ್ಷಕ್ಕಿಂತ ಹೆಚ್ಚು ಮಾರಾಟವಾದವು. ಅದೇ ಡಿಸೆಂಬರಿನಲ್ಲಿ ತಂಡ ಮಾಸ್ಕೋದಲ್ಲಿ ಹಾಡಿತು. ಶೀತಲ ಸಮರದ ಆ ದಿನಗಳಲ್ಲಿ ಅದು ಸಣ್ಣ ಮಾತಲ್ಲ. 'ರಾಸ್ಪುಟಿನ್' ಮಾತ್ರ ಅಲ್ಲಿ ಹಾಡುವಂತಿರಲಿಲ್ಲ.

'ರಿವರ್ಸ್ ಆಫ್ ಬ್ಯಾಬಿಲಾನ್' ಮೂಲತಃ ಜಮೈಕಾದ ಮೆಲೋಡಿಯನ್ಸ್ ತಂಡದ 1970ರ ಹಾಡು. ಬೈಬಲ್ಲಿನ 137ನೇ ಕೀರ್ತನೆ ಅದರ ಆಧಾರ. ಸೆರೆಯಾಗಿ ಪರದೇಶಕ್ಕೆ ಒಯ್ಯಲ್ಪಟ್ಟವರು ನದಿಯ ದಡದಲ್ಲಿ ಕುಳಿತು ತಾಯ್ನಾಡನ್ನು ನೆನೆದು ಅಳುವ ಸಂದರ್ಭ ಅದು. ಸೆರೆ ಹಿಡಿದವರೇ ಒಂದು ಹಾಡು ಹೇಳಿ ಎಂದು ಅವರನ್ನು ಕೇಳುತ್ತಾರೆ. ಪರರ ನೆಲದಲ್ಲಿ ನಮ್ಮ ಹಾಡು ಹಾಡುವುದು ಹೇಗೆ ಎಂಬುದು ಅವರ ಸಂಕಟ. ಗುಲಾಮರಾಗಿ ಸಾಗಿಸಲ್ಪಟ್ಟ ಆಫ್ರಿಕನ್ನರ ಮಕ್ಕಳಿಗೆ, ಅದರಲ್ಲೂ ರಾಸ್ತಫಾರಿ ಪಂಥದವರಿಗೆ, ಆ ಬ್ಯಾಬಿಲಾನ್ ಹಳೆಯ ಊರಾಗಿರಲಿಲ್ಲ. ತಮ್ಮನ್ನು ತುಳಿಯುವ ಇಡೀ ವ್ಯವಸ್ಥೆಗೆ ಅವರಿಟ್ಟ ಹೆಸರಾಗಿತ್ತು. ಬೋನಿ ಎಂ ಆವೃತ್ತಿಯಲ್ಲಿ ರಾಸ್ತಫಾರಿ ಪದಗಳ ಜಾಗಕ್ಕೆ ಎಲ್ಲರಿಗೂ ಒಪ್ಪುವ ಪದಗಳು ಬಂದವು. ಮೊನಚು ಹೋಯಿತು, ಇಂಪು ಉಳಿಯಿತು. ಆದರೂ ಜಮೈಕಾದಿಂದ ಹನ್ನೊಂದನೇ ವಯಸ್ಸಿಗೆ ಲಂಡನ್ನಿಗೆ ಬಂದ ಲಿಜ್ ಆ ಹಾಡನ್ನು ಜರ್ಮನಿಯ ಸ್ಟುಡಿಯೋದಲ್ಲಿ ಹಾಡುವಾಗ, ಅಳಿಸಿದ ಅರ್ಥವೆಲ್ಲ ಆ ದನಿಯೊಳಗೆ ಮರಳಿ ಬಂದಂತೆ ಕೇಳಿಸುತ್ತದೆ.

ಈಗ ಹಾಡಿನ ಕರ್ತೃಗಳ ಪಟ್ಟಿ ನೋಡಿ. ಮೆಲೋಡಿಯನ್ಸ್‌ನ ಬ್ರೆಂಟ್ ಡೋ ಮತ್ತು ಟ್ರೆವರ್ ಮೆಕ್‌ನಾಟನ್ ಹೆಸರುಗಳ ಜೊತೆಗೆ ಫರಿಯನ್ ಮತ್ತು ಅವರ ಸಂಗಡಿಗನ ಹೆಸರೂ ಸೇರಿಕೊಂಡಿವೆ. 1977ರ 'ಮಾ ಬೇಕರ್' ಹಾಡಿನ ರಾಗದ ಬೇರು ಟುನೀಷಿಯಾದ 'ಸೀದಿ ಮನ್ಸೂರ್' ಎಂಬ ಜನಪದ ಗೀತೆಯಲ್ಲಿದೆ. 'ರಾಸ್ಪುಟಿನ್' ಕೇಳಿದ ತುರ್ಕಿಯವರು ಇದು ನಮ್ಮ 'ಕಾತಿಬಿಮ್' ಅಲ್ಲವೇ ಎಂದು ಹುಬ್ಬೇರಿಸುತ್ತಾರೆ. ಬಾಲ್ಕನ್ನಿನಿಂದ ಅರಬ್ ನಾಡುಗಳವರೆಗೆ ನೂರಾರು ಬಾಯಿ ದಾಟಿ ಬಂದ ಧಾಟಿ ಅದು. ಧಾಟಿ ಹೀಗೆ ಊರೂರು ತಿರುಗುವುದು ಕಳ್ಳತನವಲ್ಲ, ಸಂಗೀತ ಬೆಳೆಯುವುದೇ ಹಾಗೆ. ಆದರೆ ತಿರುಗಾಡುವ ಧಾಟಿ ಒಂದು ಮನೆಯ ಬಾಗಿಲಲ್ಲಿ ನಿಂತುಬಿಟ್ಟು, ಆ ಮನೆಯವರ ಹೆಸರನ್ನಷ್ಟೇ ಹೇಳತೊಡಗಿದರೆ ಅದನ್ನು ಏನೆಂದು ಕರೆಯೋಣ?

ಹಾಡುವವರ ದನಿಗೂ ಆದದ್ದು ಇದೇ. ಕನ್ನಡದ ಕೇಳುಗರಿಗೆ ಇದನ್ನು ವಿವರಿಸಬೇಕಿಲ್ಲ. ಒಬ್ಬರು ಹಾಡಿ ಇನ್ನೊಬ್ಬರು ತುಟಿಯಾಡಿಸುವುದು ನಮಗೆ ನಿತ್ಯದ ವ್ಯವಹಾರ. ಪಿ.ಬಿ. ಶ್ರೀನಿವಾಸ್ ವರ್ಷಗಟ್ಟಲೆ ರಾಜ್‌ಕುಮಾರ್ ಅವರ ದನಿಯಾಗಿದ್ದರು. 1974ರ 'ಸಂಪತ್ತಿಗೆ ಸವಾಲ್' ಚಿತ್ರದ ನಂತರ ರಾಜ್ ತಮ್ಮ ಹಾಡುಗಳನ್ನು ತಾವೇ ಹಾಡತೊಡಗಿದರು. ಅಲ್ಲಿಯವರೆಗೆ ನಾವು ಮೋಸಹೋಗಿದ್ದೆವೆಂದು ಯಾರಿಗೂ ಅನಿಸಲಿಲ್ಲ. ಏಕೆಂದರೆ ಆಕಾಶವಾಣಿಯಲ್ಲಿ ಹಾಡಿದವರ ಹೆಸರು ಹೇಳಿಯೇ ಹಾಡು ಹಾಕುತ್ತಿದ್ದರು. ಆ ಹೆಸರೂ ಪುಕ್ಕಟೆ ಸಿಕ್ಕದ್ದಲ್ಲ. 1949ರ 'ಮಹಲ್' ಚಿತ್ರದ ಹಾಡಿನ ತಟ್ಟೆ ಮೊದಲು ಬಂದಾಗ ಗಾಯಕಿಯೆಂದು ಇದ್ದದ್ದು 'ಕಾಮಿನಿ', ಅಂದರೆ ಪಾತ್ರದ ಹೆಸರು. ಹಾಡಿದ್ದು ಲತಾ ಮಂಗೇಶ್ಕರ್. ಫಿಲ್ಮ್‌ಫೇರ್ ಹಿನ್ನೆಲೆ ಗಾಯನಕ್ಕೆ ಪ್ರಶಸ್ತಿ ಕೊಡಲು ತೊಡಗಿದ್ದು 1959ರಲ್ಲಿ. ಅದಕ್ಕೂ ಲತಾ ಹಟ ಹಿಡಿಯಬೇಕಾಯಿತು. ತುಟಿಯಾಡಿಸುವುದು ಮೋಸವಲ್ಲ, ಹಾಡಿದವರ ಹೆಸರನ್ನು ಮುಚ್ಚಿಡುವುದು ಮೋಸ.

ಬೋನಿ ಎಂ ವಿಷಯದಲ್ಲಿ ಜಗತ್ತು ಇದನ್ನು ನಗುತ್ತಲೇ ಕ್ಷಮಿಸಿತು. ಫರಿಯನ್ ಅದೇ ಉಪಾಯವನ್ನು ಮುಂದೆ ಮಿಲಿ ವನಿಲಿ ಎಂಬ ಜೋಡಿಯಲ್ಲೂ ಬಳಸಿದರು. ಅಲ್ಲಿ ಇಬ್ಬರು ಯುವಕರ ಮುಖ, ಬೇರೆ ಗಾಯಕರ ದನಿ. 1990ರ ಫೆಬ್ರವರಿಯಲ್ಲಿ ಅವರಿಗೆ ಗ್ರ್ಯಾಮಿ ಪ್ರಶಸ್ತಿ ಬಂತು. ನವೆಂಬರಿನಲ್ಲಿ ಸತ್ಯ ಹೊರಬಿದ್ದು ಪ್ರಶಸ್ತಿಯನ್ನು ಹಿಂದಕ್ಕೆ ಪಡೆದರು. ಜಗತ್ತು ಉಗಿದದ್ದು ಆ ಇಬ್ಬರ ಮುಖಕ್ಕೆ. ಅವರಲ್ಲೊಬ್ಬರಾದ ರಾಬ್ ಪಿಲಾಟಸ್ 1998ರಲ್ಲಿ ಫ್ರಾಂಕ್‌ಫರ್ಟ್ ಬಳಿಯ ಹೋಟೆಲೊಂದರಲ್ಲಿ ಸತ್ತುಬಿದ್ದಿದ್ದರು. ಯೋಜನೆ ಹಾಕಿದ ನಿರ್ಮಾಪಕರ ವೃತ್ತಿ ಮುಂದುವರಿಯಿತು. ಲಾಭ ಬರುವಾಗ ಮಾಲೀಕ ಮುಂದೆ, ಕಲ್ಲು ಬೀಳುವಾಗ ಕೂಲಿಯವನು ಮುಂದೆ! ಈ ನ್ಯಾಯ ಸಂಗೀತ ಲೋಕಕ್ಕೆ ಮಾತ್ರ ಸೇರಿದ್ದೂ ಅಲ್ಲ.

'ಹಾಡು ಚೆನ್ನಾಗಿದ್ದರೆ ಸಾಕು, ಯಾರು ಹಾಡಿದರೇನು?' ಎನ್ನುವವರಿದ್ದಾರೆ. ಕೇಳುಗನಿಗೆ ಸಾಕಾಗಬಹುದು. ಹಾಡಿದವರಿಗೆ ಅದು ಅನ್ನದ ಪ್ರಶ್ನೆ. 1981ರಲ್ಲಿ ಬಾಬಿ ತಂಡದಿಂದ ಹೊರಬಿದ್ದರು, ಆ ಜಾಗಕ್ಕೆ ರೆಗ್ಗಿ ಸಿಬೊ ಬಂದರು. ಮುಖವೇ ತಂಡದ ಬಂಡವಾಳ ಎಂದುಕೊಂಡಿದ್ದವರಿಗೆ ಮುಖವನ್ನೂ ಬದಲಿಸಬಹುದು ಎಂಬುದು ಆಗ ತಿಳಿಯಿತು. 1986ರಲ್ಲಿ ತಂಡ ಮುಗಿಯಿತು. ಆಮೇಲೆ ನಾಲ್ವರೂ ಬೇರೆಬೇರೆಯಾಗಿ ತಮ್ಮ ತಮ್ಮ 'ಬೋನಿ ಎಂ' ಕಟ್ಟಿಕೊಂಡು ಊರೂರು ಸುತ್ತಿದರು. ಹೆಸರಿನ ಹಕ್ಕಿಗಾಗಿ ಜಗಳಗಳಾದವು. ಹತ್ತು ವರ್ಷ ದುಡಿದವರ ಕೈಯಲ್ಲಿ ಉಳಿದದ್ದು ತಮ್ಮದೆಂದು ಹೇಳಿಕೊಳ್ಳಲು ಹೋರಾಡಬೇಕಾದ ಒಂದು ಹೆಸರು.

ಬಾಬಿ ಫ್ಯಾರೆಲ್ 2010ರ ಡಿಸೆಂಬರ್ 30ರಂದು ರಷ್ಯಾದ ಸೇಂಟ್ ಪೀಟರ್ಸ್‌ಬರ್ಗ್‌ನಲ್ಲಿ ತೀರಿಕೊಂಡರು. ಹಿಂದಿನ ರಾತ್ರಿಯಷ್ಟೇ ಕಾರ್ಯಕ್ರಮ ಕೊಟ್ಟಿದ್ದರು. 1916ರಲ್ಲಿ ರಾಸ್ಪುಟಿನ್ ಕೊಲೆಯಾದದ್ದೂ ಅದೇ ಊರಿನಲ್ಲಿ, ಅದೇ ತಾರೀಖಿನಂದು. ಪತ್ರಿಕೆಗಳು ಈ ಕಾಕತಾಳೀಯವನ್ನೇ ದೊಡ್ಡದು ಮಾಡಿದವು. ಅರವತ್ತೊಂದರ ಪ್ರಾಯದಲ್ಲೂ ಚಳಿಗಾಲದ ರಷ್ಯಾದಲ್ಲಿ ಹಳೆಯ ಹಾಡಿಗೆ ಕುಣಿದು ಹೊಟ್ಟೆ ಹೊರೆಯಬೇಕಿತ್ತು ಎಂಬುದರ ಬಗ್ಗೆ ಮಾತಾಡಿದವರು ಕಡಿಮೆ. ಫರಿಯನ್ 2024ರ ಜನವರಿಯಲ್ಲಿ ಮಯಾಮಿಯಲ್ಲಿ ನಿಧನರಾದರು.

ಬೋನಿ ಎಂ ಹಾಡುಗಳನ್ನು ಕೇಳಬಾರದೆಂದು ಈ ಲೇಖನ ಹೇಳುತ್ತಿಲ್ಲ. ಕೇಳಿ. ಆದರೆ ಈ ಸಲ ತಾಳದ ಹಿಂದೆ ಹೋಗುವ ಮೊದಲು ಆ ಹೆಣ್ಣುದನಿಯನ್ನು ಕೇಳಿ. ಅದು ಲಿಜ್ ಮಿಚೆಲ್. ಬೆಲ್‌ಫಾಸ್ಟಿನ ಆ ಬಿಸಿ ದನಿ ಮಾರ್ಸಿಯಾ ಬ್ಯಾರೆಟ್. ದನಿಗೆ ಅದರ ಹೆಸರನ್ನು ಮರಳಿ ಕೊಡುವುದು ಕೇಳುಗರಾದ ನಮ್ಮಿಂದ ಆಗುವ ಕೆಲಸ. ಅದಕ್ಕೆ ಖರ್ಚೇನೂ ಇಲ್ಲ.