ಹೇಳಿದವರು ಯಾರು, ಬರೆದವರು ಯಾರು?

ಹದೀಸ್ ಕಲಿಯಲು ಕೂತವರಿಗೆ ಸನದ್ ಎಂಬ ಮಾತು ಹೊಸದಲ್ಲ. ಮಾತು ಏನೆಂದು ತೂಗುವ ಮೊದಲು ಅದು ಯಾರಿಂದ ಯಾರಿಗೆ ಬಂತು, ನಡುವಿನವರು ನಂಬಿಕಸ್ತರೇ ಎಂದು ಕೇಳಬೇಕು. ಈಚೆಗೆ ಒಂದರ ಹಿಂದೊಂದು ಓದಿದ ಮೂರು ಆತ್ಮಕಥೆಗಳು ಈ ಹಳೆಯ ಪಾಠವನ್ನು ನಮಗೆ ಮತ್ತೆ ನೆನಪಿಸಿದವು. ಒಂದು ಅಪಾಚೆ ನಾಯಕ ಜೆರೊನಿಮೊನದು, ಇನ್ನೊಂದು ಮಂಜಮ್ಮ ಜೋಗತಿಯವರದು, ಮೂರನೆಯದು ಎ. ರೇವತಿಯವರದು. ಮೂವರೂ ಲೋಕ ಹಾಕಿಕೊಟ್ಟ ದಾರಿ ಬಿಟ್ಟು ನಡೆದವರು. ಮೂವರ ಮಾತೂ ಬೇರೆಯವರ ಕೈ ದಾಟಿಯೇ ನಮ್ಮನ್ನು ತಲುಪಿದೆ.

ಜೆರೊನಿಮೊ 1886ರಲ್ಲಿ ಅಮೆರಿಕದ ಸೈನ್ಯಕ್ಕೆ ಶರಣಾದ. ಒಕ್ಲಹೋಮದ ಫೋರ್ಟ್ ಸಿಲ್‌ನಲ್ಲಿ ಯುದ್ಧಕೈದಿಯಾಗಿದ್ದಾಗ ತನ್ನ ಕತೆಯನ್ನು ಅಪಾಚೆ ಭಾಷೆಯಲ್ಲಿ ಹೇಳಿದ. ಆಸಾ ಡಕ್ಲುಗೀ ಎಂಬ ಅಪಾಚೆ ಯುವಕ ಅದನ್ನು ಇಂಗ್ಲಿಷಿಗೆ ತಂದ. ಎಸ್.ಎಂ. ಬ್ಯಾರೆಟ್ ಎಂಬ ಶಿಕ್ಷಣಾಧಿಕಾರಿ ಬರೆದುಕೊಂಡ. ಸೈನ್ಯ ಒಪ್ಪದಿದ್ದಾಗ ಅಧ್ಯಕ್ಷ ಥಿಯೊಡೋರ್ ರೂಸ್‌ವೆಲ್ಟ್ ಅವರ ಅನುಮತಿ ಬೇಕಾಯಿತು. ಪುಸ್ತಕ 1906ರಲ್ಲಿ ಬಂತು. ಹೇಳುವಾಗ ನಡುವೆ ಪ್ರಶ್ನೆ ಕೇಳುವುದನ್ನು ಮುದುಕ ಸಹಿಸುತ್ತಿರಲಿಲ್ಲವಂತೆ. ಯುದ್ಧ ಇಲಾಖೆ ಆಕ್ಷೇಪಿಸಿದ ಮಾತುಗಳನ್ನು ಬ್ಯಾರೆಟ್ ಕಿತ್ತುಹಾಕಲಿಲ್ಲ. ಇದು ನನ್ನ ಮಾತಲ್ಲ, ಜೆರೊನಿಮೊನದು ಎಂದು ಅಡಿಟಿಪ್ಪಣಿ ಹಾಕಿದ. ಅದು ತನ್ನ ತಲೆ ಕಾಯ್ದುಕೊಳ್ಳುವ ಉಪಾಯವೂ ಇದ್ದೀತು. ಆದರೂ ಸನದ್ ಬಯಲಿಗೆ ಬಂತು. ಪುಸ್ತಕದ ದೊಡ್ಡ ಗುಣ ಇದೇ. ಕೊರತೆಯೂ ಅಲ್ಲೇ ಇದೆ. ಅಧ್ಯಾಯಗಳಾಗಿ ಕತ್ತರಿಸಿ ಜೋಡಿಸಿದ ಆ ನಯವಾದ ಇಂಗ್ಲಿಷಿನಲ್ಲಿ ಎಲ್ಲವನ್ನೂ ಕಳೆದುಕೊಂಡವನ ಸಿಟ್ಟು ಅರ್ಜಿಯ ಧಾಟಿಗೆ ಇಳಿದುಬಿಡುತ್ತದೆ.

ಆ ಪುಸ್ತಕದಲ್ಲಿ ಹಬ್ಬ, ಆಟ, ಕುಣಿತಗಳ ಬಗ್ಗೆಯೂ ಒಂದು ಅಧ್ಯಾಯವಿದೆ. ನಮ್ಮ ಓದುಗರಲ್ಲಿ ಕೆಲವರಿಗೆ ಕುಣಿತದ ಮಾತೆಂದರೆ ಕಸಿವಿಸಿ. ಅದು ಇರಲಿ. ಇಲ್ಲಿನ ಪ್ರಶ್ನೆ ಕುಣಿತ ಸರಿಯೋ ತಪ್ಪೋ ಎಂಬುದಲ್ಲ, ಆಳುವವರಿಗೆ ಅದರ ಭಯ ಏಕೆ ಎಂಬುದು. 1881ರಲ್ಲಿ ಅರಿಜೋನದ ಸಿಬೆಕ್ಯು ಹಳ್ಳದ ಬಳಿ ಅಪಾಚೆ ಗುರುವೊಬ್ಬ ಹೊಸದೊಂದು ಕುಣಿತ ಕಲಿಸುತ್ತಿದ್ದಾನೆ ಎಂದು ಸೈನ್ಯ ಅವನನ್ನು ಹಿಡಿಯಹೋಯಿತು, ಅಂದೇ ಕೊಂದಿತು. ಅದಕ್ಕೆ ಹತ್ತು ವರ್ಷ ಮೊದಲು, 1871ರಲ್ಲಿ, ನಮ್ಮ ದೇಶದಲ್ಲಿ ಬ್ರಿಟಿಷರು ಅಪರಾಧಿ ಬುಡಕಟ್ಟು ಕಾಯ್ದೆ ತಂದರು. ದಾಖಲೆಯಲ್ಲಿ ಹೆಸರಿರುವ ಹಿಜಡಾ ಹೆಣ್ಣುಡುಗೆಯಲ್ಲಿ ಬೀದಿಗೆ ಬಂದರೆ, ಕುಣಿದರೆ ಎರಡು ವರ್ಷದವರೆಗೆ ಜೈಲು. ಅವರೆಲ್ಲ ಹೋಗಿ ಎಷ್ಟೋ ಕಾಲವಾದ ಮೇಲೆ, 2011ರಲ್ಲಿ, ಅದೇ ಗುಮಾನಿ ಕರ್ನಾಟಕ ಪೊಲೀಸ್ ಕಾಯ್ದೆಯ 36ಎ ಕಲಮಾಗಿ ಮತ್ತೆ ಬಂತು.

ಈ ಹಿನ್ನೆಲೆಯಲ್ಲಿ ಓದಬೇಕಾದ ಪುಸ್ತಕ ಮಂಜಮ್ಮ ಜೋಗತಿಯವರ 'ನಡುವೆ ಸುಳಿವ ಹೆಣ್ಣು'. ಹೆಸರೇ ಜೇಡರ ದಾಸಿಮಯ್ಯನ ವಚನವನ್ನು ನೆನಪಿಗೆ ತರುತ್ತದೆ. ಅವರು ಹೇಳಿದ್ದನ್ನು ಬರಹಕ್ಕಿಳಿಸಿದವರು ಜಾನಪದ ಸಂಶೋಧಕ ಅರುಣ್ ಜೋಳದಕೂಡ್ಲಿಗಿ. ಬಳ್ಳಾರಿ ಸೀಮೆಯ ಈ ಕಲಾವಿದೆ 2019ರಲ್ಲಿ ಕರ್ನಾಟಕ ಜಾನಪದ ಅಕಾಡೆಮಿಯ ಅಧ್ಯಕ್ಷರಾದರು. 2021ರಲ್ಲಿ ಪದ್ಮಶ್ರೀ ಪಡೆಯುವಾಗ ಸೆರಗಿನಿಂದ ರಾಷ್ಟ್ರಪತಿಗಳ ದೃಷ್ಟಿ ತೆಗೆದರು. ನಮ್ಮ ಮನೆಗಳ ಅಜ್ಜಿಯರು ನಜರ್ ತೆಗೆಯುವುದನ್ನು ಕಂಡವರಿಗೆ ಆ ಗಳಿಗೆ ಪರಕೀಯ ಅನ್ನಿಸಲಿಲ್ಲ. ಆದರೆ ಆ ಫೋಟೋದ ಬೆಳಕಿನಲ್ಲಿ ಪುಸ್ತಕವನ್ನು ಬರೀ ಗೆಲುವಿನ ಕತೆಯಾಗಿ ಓದಿಬಿಡುವ ಅಪಾಯವಿದೆ. ಹಾಗೆ ಓದಿದರೆ, ಪ್ರಶಸ್ತಿ ಬಾರದ ಉಳಿದ ಜೋಗತಿಯರ ಬಗ್ಗೆ ನಾವು ಯೋಚಿಸಬೇಕಾಗಿಯೇ ಬರುವುದಿಲ್ಲ.

ರೇವತಿಯವರದು ಬೇರೆ ದಾರಿ. ಅವರು ಮೊದಲು ಇತರ ಅರವಾಣಿಗಳ ಬದುಕಿನ ಕತೆಗಳನ್ನು ಕೂಡಿಸಿ ತಮಿಳಿನಲ್ಲಿ ಪುಸ್ತಕ ಮಾಡಿದರು. ಆಮೇಲೆ ತಮ್ಮದನ್ನು ತಾವೇ ಬರೆದರು. ಅದು 2010ರಲ್ಲಿ ಇಂಗ್ಲಿಷಿನಲ್ಲಿ ಬಂತು. ದು. ಸರಸ್ವತಿಯವರ ಕನ್ನಡದಲ್ಲಿ 'ಬದುಕು ಬಯಲು' ಆಯಿತು, ರಂಗಕ್ಕೂ ಬಂತು. ನಮ್ಮ ತೂಕದಲ್ಲಿ ಮೂರರಲ್ಲಿ ಇದೇ ಮುಂದು. ನಾಚಿಕೆಯನ್ನು ಎಷ್ಟು ಹೇಳಬೇಕು, ಎಲ್ಲಿ ನಿಲ್ಲಿಸಬೇಕು ಎಂಬ ತೀರ್ಮಾನ ಇಲ್ಲಿ ಬದುಕಿದವರದೇ.

ಇಷ್ಟು ಓದಿ ಹುಣಸೂರು, ಪಿರಿಯಾಪಟ್ಟಣ, ಕೆ.ಆರ್. ನಗರ, ಎಚ್.ಡಿ. ಕೋಟೆಯ ಕಡೆ ತಿರುಗಿದರೆ ಮುಖ ತಗ್ಗಿಸಬೇಕಾಗುತ್ತದೆ. ನಾಗರಹೊಳೆಯ ಜೇನುಕುರುಬರ ಬಗ್ಗೆ 1909ರಲ್ಲೇ ಥರ್ಸ್ಟನ್ ಬರೆದ. ಆಮೇಲೆ ನಂಜುಂಡಯ್ಯ ಮತ್ತು ಅನಂತಕೃಷ್ಣ ಅಯ್ಯರ್ ಬರೆದರು. ಹೈಕೋರ್ಟ್ ನೇಮಿಸಿದ ಸಮಿತಿಯ ಅಧ್ಯಕ್ಷರಾಗಿದ್ದ ಪ್ರೊ. ಮುಜಾಫರ್ ಅಸಾದಿ 2014ರ ವರದಿಯಲ್ಲಿ ಕಾಡಿನಿಂದ ಹೊರಬಿದ್ದ 3,418 ಕುಟುಂಬಗಳನ್ನು ಲೆಕ್ಕಕ್ಕೆ ತಂದರು. 2025ರ ಜನವರಿಯಲ್ಲಿ ತೀರಿಕೊಂಡ ಆ ವಿದ್ವಾಂಸರ ಋಣ ದೊಡ್ಡದು. ಆದರೆ ವರದಿ ವರದಿಯೇ. ಅದರಲ್ಲಿ ಕುಟುಂಬಗಳ ಲೆಕ್ಕ ಸಿಗುತ್ತದೆ, ಅಜ್ಜಿಯೊಬ್ಬಳ ದನಿ ಸಿಗುವುದಿಲ್ಲ. ದಸರೆಯ ವೇದಿಕೆಗೆ ಹಾಡಿಯವರನ್ನು ಕುಣಿಯಲು ಕರೆಯುತ್ತೇವೆ, ಮಾತಾಡಲು ಕರೆಯುವುದಿಲ್ಲ. ದೇವರಪುರದ ಕುಂಡೆ ಹಬ್ಬದಲ್ಲಿ ಗಂಡಸರು ಹೆಣ್ಣುವೇಷ ತೊಟ್ಟು ದೇವರಿಗೇ ಬೈಯುವುದನ್ನು ಮೊಬೈಲಿನಲ್ಲಿ ಹಿಡಿದು ನಗುತ್ತೇವೆ. ಆ ಬೈಗುಳದಲ್ಲಿ ಯಾವ ಲೆಕ್ಕ ಬಾಕಿಯಿದೆ ಎಂದು ಕೇಳುವುದಿಲ್ಲ.

ಈ ಆರೋಪ ನಮ್ಮ ಮೇಲೂ ಇದೆ. ಕನ್ನಡ ಕತೆಗಳಲ್ಲಿ ಸಾಬರೆಂದರೆ ಗುಜರಿಯವನು ಇಲ್ಲವೇ ತಲಾಖ್ ಕೊಡುವವನು ಎಂದು ನಾವು ಎಷ್ಟೋ ಸಲ ದೂರಿದ್ದೇವೆ. ಅದೇ ನಾವು ನಮ್ಮ ಕತೆಯೊಂದರಲ್ಲಿ ಜೇನುಕುರುಬನನ್ನು ಸಂತೆಗೆ ಜೇನು ಹೊತ್ತು ತರುವವನನ್ನಾಗಿ ಮಾತ್ರ ತಂದೆವು, ಅವನಿಗೆ ಹೆಸರು ಕೂಡ ಇಡಲಿಲ್ಲ. ಆ ಮೇಲೆ ಕೋಟೆ ಕಡೆಯ ಹಾಡಿಯೊಂದಕ್ಕೆ ಪುಸ್ತಕ, ಪೆನ್ನು ಹಿಡಿದು ಹೋಗಿದ್ದಾಗ ಹಿರಿಯರೊಬ್ಬರು ಕೇಳಿದರು: "ಎಲ್ರೂ ಬರ್ಕೊಂಡು ಹೋಯ್ತಾರೆ ಸಾಬ್ರೆ. ಏನ್ ಬರ್ಕೊಂಡ್ರಿ ಅಂತ ತಿರ್ಗಾ ಬಂದು ಓದಿ ಹೇಳೋರು ಯಾರು?" ನಮ್ಮಲ್ಲಿ ಉತ್ತರವಿರಲಿಲ್ಲ. ವಿಮರ್ಶೆಗೆ ಇದಕ್ಕಿಂತ ದೊಡ್ಡ ಅಳತೆಗೋಲು ನಮಗೆ ಇನ್ನೂ ಸಿಕ್ಕಿಲ್ಲ.

ಜೆರೊನಿಮೊ ತನ್ನ ಪುಸ್ತಕದ ಕೊನೆಯಲ್ಲಿ ಕೇಳಿಕೊಂಡದ್ದು ಅರಿಜೋನಕ್ಕೆ ಮರಳಲು ಅವಕಾಶ. ಅದು ಸಿಗಲಿಲ್ಲ. 1909ರಲ್ಲಿ ಕೈದಿಯಾಗಿಯೇ ಸತ್ತ. ಅವನ ಜನರ ಬಿಡುಗಡೆಗೆ 1913ರವರೆಗೆ ಕಾಯಬೇಕಾಯಿತು. 2025ರ ಮೇ ತಿಂಗಳಲ್ಲಿ ನಾಗರಹೊಳೆಯ ಕೊಡಗಿನ ಬದಿಯ ಕರಡಿಕಲ್ಲು ಅತ್ತೂರು ಕೊಲ್ಲಿಗೆ ಜೇನುಕುರುಬ ಕುಟುಂಬಗಳು ಹಿಂದಿರುಗಿ ಗುಡಿಸಲು ಹಾಕಿದವು. ಅರಣ್ಯ ಇಲಾಖೆ ಒಪ್ಪಲಿಲ್ಲ. ಅವರು 2006ರ ಅರಣ್ಯ ಹಕ್ಕು ಕಾಯ್ದೆಯನ್ನು ಮುಂದಿಟ್ಟು ಮಾತಾಡುತ್ತಿದ್ದರು. ಆ ಮಾತು ಒಂದು ದಿನ ಪುಸ್ತಕವಾದೀತು. ಅದನ್ನು ಅವರೇ ಬರೆದರೆ ಓದುಗರಾಗಿ ಸಾಲಿನಲ್ಲಿ ನಿಲ್ಲೋಣ. ನಮ್ಮ ಕೈಯಲ್ಲಿ ಬರೆಸಿದರೆ, ಹೇಳಿದವರ ಹೆಸರು ಮೊದಲು ಹಾಕೋಣ. ಅಚ್ಚಿಗೆ ಕೊಡುವ ಮುಂಚೆ ಹಾಡಿಗೆ ಹೋಗಿ ಓದಿ ಹೇಳೋಣ.