ನಿಂತ ಚಂದ್ರರು

ಚನ್ನರಾಯಪಟ್ಟಣ ತಾಲ್ಲೂಕಿನ ಶ್ರವಣಬೆಳಗೊಳದ ಜೈನ ಪರಂಪರೆ ಮಾನ್ಯ ಮಾಡಿದ ತತ್ತ್ವಾರ್ಥಸೂತ್ರದ ನಾಲ್ಕನೆಯ ಅಧ್ಯಾಯದಲ್ಲಿ ಚಲಿಸದ ಚಂದ್ರರಿದ್ದಾರೆ. ಜೈನ ಲೋಕವರ್ಣನೆಯಂತೆ ಜಂಬೂದ್ವೀಪಕ್ಕೆ 2 ಚಂದ್ರರು, ಲವಣಸಮುದ್ರಕ್ಕೆ 4, ಧಾತಕೀಖಂಡಕ್ಕೆ 12, ಕಾಲೋದಧಿಗೆ 42, ಪುಷ್ಕರಾರ್ಧಕ್ಕೆ 72. ಮನುಷ್ಯಲೋಕಕ್ಕೆ ಒಟ್ಟು 132. ಇವರೆಲ್ಲ ಮೇರುವನ್ನು ಸುತ್ತುತ್ತಾರೆ. ಆ ಲೋಕದ ಎಲ್ಲೆಯಾದ ಮಾನುಷೋತ್ತರ ಪರ್ವತದ ಆಚೆಗಿನವರು ಮಾತ್ರ ನಿಂತಲ್ಲೇ ನಿಂತಿರುತ್ತಾರೆ. ನನ್ನ ಮೆಚ್ಚುಗೆ ಈ ಸಂಖ್ಯೆಗಳಿಗಿಂತ ಅವುಗಳ ಹಿಂದಿನ ತರ್ಕಕ್ಕೆ. ಜ್ಯೋತಿಗಳ ಚಲನೆಯಿಂದಲೇ ಕಾಲದ ಎಣಿಕೆ ಹುಟ್ಟುತ್ತದೆ ಎನ್ನುತ್ತದೆ ಅದೇ ಅಧ್ಯಾಯ. ಹಾಗಾದರೆ ಚಂದ್ರ ನಿಂತಲ್ಲಿ ತಿಥಿಯಿಲ್ಲ, ಪಕ್ಷವಿಲ್ಲ, ಪಂಚಾಂಗವೇ ಇಲ್ಲ. ದಿನ ಎಣಿಸುವ ಮನುಷ್ಯನೂ ಅಲ್ಲಿಲ್ಲ! ಕಲ್ಪನೆಯಲ್ಲಿ ಇಷ್ಟು ಶಿಸ್ತು ಅಪರೂಪ.

ಇದು ಖಗೋಳವಿಜ್ಞಾನಕ್ಕೆ ವಿರುದ್ಧವಲ್ಲವೇ? ವಿರುದ್ಧವೇ, ಭೂಮಿಗೆ ಚಂದ್ರನೊಬ್ಬನೇ. ಭಕ್ತರಿಗೆ ಇದು ಕಲ್ಪನೆಯಲ್ಲ, ಆಗಮ ಎಂಬ ಆಕ್ಷೇಪ ಇನ್ನೂ ತೂಕದ್ದು. ಆದರೂ ಗೊಮ್ಮಟನನ್ನು ಪೂಜಿಸದವರು ಆ ಶಿಲ್ಪಕ್ಕೆ ತಲೆದೂಗುವ ಹಾಗೆ, ನಂಬದವರೂ ಈ ಕಟ್ಟೋಣದ ಒಳಹೊಂದಿಕೆಯನ್ನು ಮನಸಾರೆ ಮೆಚ್ಚಬಹುದು. ನಿಂತ ಚಂದ್ರನೆಂದರೆ ಬರೀ ಅಸಂಭವ ಎನ್ನುವವರು ಹಾಸನದ ಕಡೆ ನೋಡಬೇಕು. ಅಲ್ಲಿ ಇಸ್ರೋದ ಪ್ರಧಾನ ನಿಯಂತ್ರಣ ಕೇಂದ್ರ 1982ರಿಂದ ಉಪಗ್ರಹಗಳನ್ನು ಕಾಯುತ್ತಿದೆ. ಸುಮಾರು 36,000 ಕಿಲೋಮೀಟರ್ ಎತ್ತರದಲ್ಲಿ ಭೂಸ್ಥಿರ ಉಪಗ್ರಹಗಳು ಭೂಮಿಯ ತಿರುಗುವಿಕೆಗೆ ಹೆಜ್ಜೆ ಹಾಕಿ ಸುತ್ತುತ್ತವೆ, ನಮ್ಮ ಪಾಲಿಗೆ ನಿಂತೇ ಇರುತ್ತವೆ. ಹೊಳೆನರಸೀಪುರ, ಅರಕಲಗೂಡಿನ ಮನೆಗಳ ಮೇಲಿನ ಡಿಶ್ ಆಂಟೆನಾಗಳು ಹಗಲಿರುಳೂ ಆಕಾಶದ ಒಂದೇ ಬಿಂದುವಿಗೆ ಮುಖಮಾಡಿ ಕೂತಿರುವುದು ಅದಕ್ಕೇ.